ಹೃದಯ ಬಡಿತದ ಆ್ಯಪ್ ತೆರೆಯುತ್ತಿಲ್ಲ, ತೆರೆದರೂ ಅಂಕಿ ಸರಿಯಿಲ್ಲ: ಲೈಬ್ರರಿ ಫೈಲುಗಳ ದೋಷ ಹಿಡಿಯುವ ಬಗೆ

ಇಸಿಜಿ (ಹೃದಯದ ವಿದ್ಯುತ್ ಅಲೆ) ತೋರಿಸುವ, ಎದೆಪಟ್ಟಿಯಿಂದ ಬಡಿತ ಎಣಿಸುವ, ಹೋಲ್ಟರ್ (ದಿನವಿಡೀ ಮೈಮೇಲೆ ಧರಿಸುವ ಇಸಿಜಿ ಯಂತ್ರ) ದಾಖಲೆ ಬಿಡಿಸುವ ಯಾವ ತಂತ್ರಾಂಶವೂ ಒಂದೇ ಫೈಲಿನಲ್ಲಿ ಮುಗಿಯುವುದಿಲ್ಲ. ಸಾಧನದ ಜೊತೆ ಮಾತಾಡಲು ಒಂದು ಲೈಬ್ರರಿ (ಆ್ಯಪ್ ಕರೆದು ಬಳಸುವ ಸಿದ್ಧ ಕೋಡ್ ಇರುವ ಫೈಲ್), ದಾಖಲೆಯ ಫೈಲ್ ಓದಲು ಇನ್ನೊಂದು, ಫಿಲ್ಟರ್ ಹಾಕಿ ಆರ್ ಅಲೆ (ಪ್ರತಿ ಬಡಿತದ ಎತ್ತರದ ಮೊನೆ) ಹುಡುಕಲು ಮತ್ತೊಂದು, ಇವೆಲ್ಲದರ ತಳದಲ್ಲಿ ಸಿ ಪ್ಲಸ್ ಪ್ಲಸ್ ರನ್‌ಟೈಮ್ (ಆ ಭಾಷೆಯಲ್ಲಿ ಬರೆದ ಪ್ರೋಗ್ರಾಂ ಓಡಲು ಬೇಕಾದ ಮೂಲ ಫೈಲುಗಳು). ವಿಂಡೋಸ್‌ನಲ್ಲಿ ಇವು ಡಿಎಲ್ಎಲ್ ಫೈಲುಗಳು, ಲಿನಕ್ಸ್ ಮತ್ತು ಆಂಡ್ರಾಯ್ಡ್‌ನಲ್ಲಿ ಎಸ್ಒ ಫೈಲುಗಳು.

ಇವುಗಳಲ್ಲಿ ಒಂದು ಕೈಕೊಟ್ಟಾಗ ತೊಂದರೆ ಎರಡು ರೂಪದಲ್ಲಿ ಬರುತ್ತದೆ. ಒಂದು, ಆ್ಯಪ್ ತೆರೆಯುವುದೇ ಇಲ್ಲ. ಕಿರಿಕಿರಿ ಹೌದು, ಆದರೆ ಯಾರೂ ಮೋಸ ಹೋಗುವುದಿಲ್ಲ. ಇನ್ನೊಂದು, ಆ್ಯಪ್ ತೆರೆಯುತ್ತದೆ, ಅಲೆ ಓಡುತ್ತದೆ, ಬಡಿತದ ಅಂಕಿಯೂ ಬರುತ್ತದೆ, ಆದರೆ ಆ ಅಂಕಿ ತಪ್ಪು. ತೆರೆದ ಕೂಡಲೇ ರಿಪೇರಿ ಮುಗಿಯಿತು ಎಂದು ಎದ್ದುಹೋಗುವವರು ಸಿಕ್ಕಿಬೀಳುವುದು ಈ ಎರಡನೆಯದರಲ್ಲಿ. ಹಾಗಾಗಿ ಕೆಳಗೆ ಅದಕ್ಕೇ ಹೆಚ್ಚು ಜಾಗ ಕೊಟ್ಟಿದೆ.

ಕೈ ಹಾಕುವ ಮೊದಲು ಒಂದು ಮಾತು. ಆಸ್ಪತ್ರೆಯಲ್ಲಿ ರೋಗಿಯ ಮೇಲೆ ನಿಗಾ ಇಡಲು ಬಳಸುವ ಮಾನಿಟರಿನ ತಂತ್ರಾಂಶದಲ್ಲಿ ಒಂದು ಲೈಬ್ರರಿಯನ್ನೂ ನೀವಾಗಿ ಬದಲಿಸಬೇಡಿ. ವೈದ್ಯಕೀಯ ತಂತ್ರಾಂಶದ ಐಇಸಿ 62304 ಮಾನದಂಡದ ಪ್ರಕಾರ, ಹೊರಗಿನಿಂದ ತಂದು ಸೇರಿಸಿದ ಪ್ರತಿ ಲೈಬ್ರರಿಯ ಹೆಸರು, ಆವೃತ್ತಿಗಳನ್ನು ತಯಾರಕರು ದಾಖಲಿಸಿರಬೇಕು. ನೀವು ಬೇರೆ ಆವೃತ್ತಿ ಹಾಕಿದ ಕ್ಷಣದಿಂದ ಅದು ಪರೀಕ್ಷೆ ಮಾಡಿದ ತಂತ್ರಾಂಶವಾಗಿ ಉಳಿಯುವುದಿಲ್ಲ. ಅಲ್ಲಿ ನಿಮ್ಮ ಕೆಲಸ ದೋಷ ಸಂದೇಶವನ್ನು ಅಕ್ಷರ ಬಿಡದೆ ಬರೆದುಕೊಂಡು ಬಯೋಮೆಡಿಕಲ್ ವಿಭಾಗಕ್ಕೆ ತಿಳಿಸುವುದು, ಅಷ್ಟೇ. ಇಲ್ಲಿ ಹೇಳಿರುವುದು ಸಂಶೋಧನೆ, ಕಲಿಕೆ, ವ್ಯಾಯಾಮಕ್ಕೆ ಬಳಸುವ ತಂತ್ರಾಂಶಗಳಿಗೆ ಮತ್ತು ಅವನ್ನು ಬರೆಯುವವರಿಗೆ.

ಸಂದೇಶದಲ್ಲಿರುವ ಹೆಸರು ಅಪರಾಧಿಯದ್ದಲ್ಲ

ವಿಂಡೋಸ್ ಒಂದು ಡಿಎಲ್ಎಲ್ ಹೆಸರು ಹೇಳಿ "ಸಿಗಲಿಲ್ಲ" ಎಂದರೆ ಎಲ್ಲರೂ ಆ ಫೈಲನ್ನೇ ಹುಡುಕಲು ಹೊರಡುತ್ತಾರೆ. ಫೋಲ್ಡರಿನಲ್ಲಿ ಅದು ಕಣ್ಣೆದುರಿಗೇ ಇರುತ್ತದೆ! ದೋಷ 126ರ ನಿಜವಾದ ಅರ್ಥ ಇಷ್ಟು: ಆ ಫೈಲ್ ಇಲ್ಲ, ಇಲ್ಲವೇ ಆ ಫೈಲಿಗೆ ಬೇಕಾದ ಇನ್ನೊಂದು ಫೈಲ್ ಇಲ್ಲ. ಉದಾಹರಣೆಗೆ, ಇಸಿಜಿ ದಾಖಲೆ ಓದುವ ಡಬ್ಲ್ಯುಎಫ್‌ಡಿಬಿ ಲೈಬ್ರರಿಯನ್ನು ನೆಟ್‌ನಿಂದಲೂ ಓದುವಂತೆ ಕಟ್ಟಿದ್ದರೆ ಅದಕ್ಕೆ ಲಿಬ್‌ಕರ್ಲ್ (ನೆಟ್‌ನಿಂದ ಫೈಲ್ ತರುವ ಲೈಬ್ರರಿ) ಬೇಕು. ಲಿಬ್‌ಕರ್ಲ್ ಇಲ್ಲದಿದ್ದರೆ ದೂರು ಬರುವುದು ಡಬ್ಲ್ಯುಎಫ್‌ಡಿಬಿ ಹೆಸರಿನಲ್ಲಿ.

ಕೋಡ್‌ಗಳಲ್ಲಿ ನೆನಪಿಡಬೇಕಾದವು ಕೆಲವೇ. 126 ಎಂದರೆ ಸರಪಳಿಯಲ್ಲಿ ಎಲ್ಲೋ ಒಂದು ಫೈಲ್ ಇಲ್ಲ. 127 ಎಂದರೆ ಫೈಲ್ ಇದೆ, ಅದರೊಳಗೆ ಆ್ಯಪ್ ಕೇಳಿದ ಫಂಕ್ಷನ್ ಇಲ್ಲ, ಅಂದರೆ ಆವೃತ್ತಿ ಹೊಂದುತ್ತಿಲ್ಲ. 193 ಎಂದರೆ 32 ಬಿಟ್ ಮತ್ತು 64 ಬಿಟ್ ಕಲಸಿಹೋಗಿವೆ, ಅಥವಾ ಫೈಲ್ ಅರ್ಧಂಬರ್ಧ ಇಳಿದಿದೆ. 1114 ಎಂದರೆ ಲೈಬ್ರರಿ ಸಿಕ್ಕಿತು, ಆದರೆ ಅದು ಏಳುವಾಗಲೇ ಮುಗ್ಗರಿಸಿತು. ಪ್ರೋಗ್ರಾಂ ಶುರುವಾಗುವಾಗಲೇ ಬೀಳುವುದಾದರೆ ಇವೇ ದೋಷಗಳು ಸಿ ಅಕ್ಷರದಿಂದ ಶುರುವಾಗುವ ಉದ್ದದ ಕೋಡ್‌ಗಳಾಗಿ ಬರುತ್ತವೆ: ಸಿ0000135 ಫೈಲ್ ಇಲ್ಲದ್ದಕ್ಕೆ, ಸಿ0000139 ಫಂಕ್ಷನ್ ಇಲ್ಲದ್ದಕ್ಕೆ, ಸಿ000007ಬಿ ಬಿಟ್ ಹೊಂದದ್ದಕ್ಕೆ, ಸಿ0000142 ಏಳಲಾಗದ್ದಕ್ಕೆ.

80040154 ಬಂದರೆ ದಾರಿ ಬೇರೆ. ಅದು ಕಾಮ್ ಬಗೆಯ ಲೈಬ್ರರಿ, ಅಂದರೆ ವಿಂಡೋಸ್‌ನ ಸೆಟ್ಟಿಂಗುಗಳ ದಾಖಲೆಯಾದ ರಿಜಿಸ್ಟ್ರಿಯಲ್ಲಿ ನೋಂದಣಿಯಾಗಬೇಕಾದದ್ದು, ಆಗಿಲ್ಲ. ಅಡ್ಮಿನಿಸ್ಟ್ರೇಟರ್ ಆಗಿ ತೆರೆದ ಕಮಾಂಡ್ ಪ್ರಾಂಪ್ಟ್‌ನಲ್ಲಿ ರೆಗ್‌ಎಸ್‌ವಿಆರ್32 ಬಳಸಿ ನೋಂದಾಯಿಸಬೇಕು. ಆದರೆ ಸಿಕ್ಕ ಸಿಕ್ಕ ಡಿಎಲ್ಎಲ್‌ಗೆಲ್ಲ ಈ ಆದೇಶ ಕೊಡಬೇಡಿ. ಸಾಮಾನ್ಯ ಲೈಬ್ರರಿಗೆ ಕೊಟ್ಟರೆ "ಡಿಎಲ್ಎಲ್‌ರಿಜಿಸ್ಟರ್‌ಸರ್ವರ್ ಸಿಗಲಿಲ್ಲ" ಎನ್ನುತ್ತದೆ. ಅದು ದೋಷವಲ್ಲ, ಆ ಫೈಲಿಗೆ ನೋಂದಣಿ ಬೇಕಿಲ್ಲ ಎಂಬ ಉತ್ತರ.

32 ಮತ್ತು 64

ಹಳೆಯ ಇಸಿಜಿ ಸಾಧನಗಳ ಜೊತೆ ಬಂದ ಡಿಎಲ್ಎಲ್‌ಗಳು ಬಹುಪಾಲು 32 ಬಿಟ್. ಇಂದು ಪೈಥಾನ್ ಹಾಕಿಕೊಂಡರೆ ಸಿಗುವುದು 64 ಬಿಟ್. ಎರಡನ್ನೂ ಒಂದೇ ಪ್ರೊಸೆಸ್‌ನಲ್ಲಿ (ಓಡುತ್ತಿರುವ ಒಂದು ಪ್ರೋಗ್ರಾಮಿನಲ್ಲಿ) ಸೇರಿಸಲು ದಾರಿಯೇ ಇಲ್ಲ. ಗೊಂದಲಕ್ಕೆ ಇನ್ನಷ್ಟು ತುಪ್ಪ ಸುರಿಯುವುದು ಫೋಲ್ಡರುಗಳ ಹೆಸರು: 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಒಳಗೆ ಇರುವುದು 64 ಬಿಟ್ ಫೈಲುಗಳು, ಸಿಸ್‌ವಾವ್64 ಒಳಗೆ ಇರುವುದು 32 ಬಿಟ್ ಫೈಲುಗಳು. 32 ಬಿಟ್ ಆ್ಯಪ್ ಸಿಸ್ಟಮ್32 ಕೇಳಿದರೂ ವಿಂಡೋಸ್ ಅದನ್ನು ಸದ್ದಿಲ್ಲದೆ ಸಿಸ್‌ವಾವ್64ಕ್ಕೆ ತಿರುಗಿಸುತ್ತದೆ. ರೆಗ್‌ಎಸ್‌ವಿಆರ್32 ಕೂಡ ಎರಡು ಪ್ರತಿ ಇದೆ. 32 ಬಿಟ್ ಲೈಬ್ರರಿಗೆ ಸಿಸ್‌ವಾವ್64 ಒಳಗಿನದನ್ನು ಬಳಸಿ.

ಒಂದು ಡಿಎಲ್ಎಲ್ ಯಾವ ಬಗೆಯದು ಎಂದು ತಿಳಿಯಲು ಯಾವ ಉಪಕರಣವೂ ಬೇಡ. ಅದರ ಒಂದು ನಕಲನ್ನು ನೋಟ್‌ಪ್ಯಾಡಿನಲ್ಲಿ ತೆರೆಯಿರಿ, ಸೇವ್ ಮಾತ್ರ ಮಾಡಬೇಡಿ. ಮೊದಲ ಕೆಲವು ಸಾಲುಗಳ ಕಸದ ನಡುವೆ ಪಿ ಮತ್ತು ಇ ಎಂಬ ಇಂಗ್ಲಿಷ್ ದೊಡ್ಡಕ್ಷರಗಳು ಜೋಡಿಯಾಗಿ ಸಿಗುತ್ತವೆ. ಅವುಗಳ ನಂತರದ ಸ್ವಲ್ಪ ಖಾಲಿ ದಾಟಿದ ಮೇಲೆ ದೊಡ್ಡ ಎಲ್ ಕಂಡರೆ 32 ಬಿಟ್, ಸಣ್ಣ ಡಿ ಅಕ್ಷರವೂ ಅದರ ಪಕ್ಕ ಶಿಲುಬೆಯಂಥ ಗುರುತೂ ಕಂಡರೆ 64 ಬಿಟ್.

ಬಿಟ್ ಹೊಂದದಿದ್ದರೆ ಪರಿಹಾರ ಮೂರೇ. ತಯಾರಕರಿಂದ 64 ಬಿಟ್ ಲೈಬ್ರರಿ ತರಿಸುವುದು. ಆ್ಯಪನ್ನೇ 32 ಬಿಟ್ ಆಗಿ ಓಡಿಸುವುದು. ಅಥವಾ 32 ಬಿಟ್ ಲೈಬ್ರರಿಯನ್ನು ಒಂದು ಪುಟ್ಟ ಪ್ರತ್ಯೇಕ ಪ್ರೋಗ್ರಾಮಿನಲ್ಲಿ ಇಟ್ಟು, ಪೈಪ್ ಅಥವಾ ಸಾಕೆಟ್ (ಪ್ರೋಗ್ರಾಂಗಳು ಡೇಟಾ ದಾಟಿಸುವ ದಾರಿಗಳು) ಮೂಲಕ ಮಾದರಿಗಳನ್ನು (ಅಲೆಯ ಒಂದೊಂದು ಕ್ಷಣದ ಅಳತೆಗಳನ್ನು) ಮುಖ್ಯ ಆ್ಯಪಿಗೆ ಸಾಗಿಸುವುದು. ಸಾಧನ ಹಳೆಯದು, ತಯಾರಕರಿಂದ ಉತ್ತರವಿಲ್ಲ ಎನ್ನುವಾಗ ಮೂರನೆಯದೇ ಹೆಚ್ಚು ದಿನ ಬಾಳುವ ದಾರಿ.

ನಿಜವಾಗಿ ಇಲ್ಲದ ಫೈಲ್ ಯಾವುದು

ಆ್ಯಪ್ ಯಾವ ಫೈಲುಗಳನ್ನು ಹುಡುಕುತ್ತಿದೆ ಎಂದು ತೋರಿಸುವ, ಮೈಕ್ರೋಸಾಫ್ಟ್‌ನ ಪ್ರೊಸೆಸ್ ಮಾನಿಟರ್ ಉಚಿತವಾಗಿ ಸಿಗುತ್ತದೆ. ಫಿಲ್ಟರಿನಲ್ಲಿ ಪ್ರೊಸೆಸ್ ಹೆಸರಿಗೆ ನಿಮ್ಮ ಆ್ಯಪನ್ನೂ, ಪಾತ್ (ಫೈಲಿನ ವಿಳಾಸ) ಕೊನೆಗೆ ಡಿಎಲ್ಎಲ್ ಎಂದೂ ಕೊಟ್ಟು ಆ್ಯಪ್ ಓಡಿಸಿ. "ನೇಮ್ ನಾಟ್ ಫೌಂಡ್" ಸಾಲುಗಳು ರಾಶಿಗಟ್ಟಲೆ ಬರುತ್ತವೆ, ಗಾಬರಿ ಬೇಡ. ವಿಂಡೋಸ್ ಮೊದಲು ಆ್ಯಪಿನ ಫೋಲ್ಡರ್, ಆಮೇಲೆ ಸಿಸ್ಟಮ್ ಫೋಲ್ಡರ್, ವಿಂಡೋಸ್ ಫೋಲ್ಡರ್, ಕೊನೆಗೆ ಪಾತ್ ಎಂಬ ಸಿಸ್ಟಮ್ ಪಟ್ಟಿಯಲ್ಲಿರುವ ಜಾಗಗಳು ಹೀಗೆ ಒಂದೊಂದೇ ಕಡೆ ಹುಡುಕುತ್ತದೆ. ಮೊದಲ ಜಾಗದಲ್ಲಿ ಇಲ್ಲದ್ದು ಎರಡನೆಯದರಲ್ಲಿ ಸಿಗಬಹುದು. ನೀವು ಹುಡುಕಬೇಕಾದದ್ದು ಎಲ್ಲ ಜಾಗ ಅಲೆದರೂ ಒಮ್ಮೆಯೂ "ಸಕ್ಸೆಸ್" ಆಗದ ಹೆಸರನ್ನು. ಸಾಮಾನ್ಯವಾಗಿ ಅದು ಪ್ರೊಸೆಸ್ ಸಾಯುವ ಮುಂಚಿನ ಕೊನೆಯ ಗುಂಪಿನಲ್ಲಿರುತ್ತದೆ.

ಒಂದು ಫೈಲಿಗೆ ಬೇಕಾದ ಲೈಬ್ರರಿಗಳನ್ನು ಪಟ್ಟಿ ಮಾಡುವ ಹಳೆಯ ಡಿಪೆಂಡೆನ್ಸಿ ವಾಕರನ್ನು ಈಗಿನ ವಿಂಡೋಸ್‌ನಲ್ಲಿ ನಂಬಿ ಕೂರಬೇಡಿ. "ಎಪಿಐ-ಎಂಎಸ್-ವಿನ್" ಎಂದು ಶುರುವಾಗುವ ಹತ್ತಾರು ಹೆಸರುಗಳನ್ನು ಅದು ಕೆಂಪಗೆ ತೋರಿಸುತ್ತದೆ. ಅವು ಬಹುತೇಕ ವಿಂಡೋಸ್ ತಾನೇ ಒಳಗೆ ಬಿಡಿಸಿಕೊಳ್ಳುವ ಹೆಸರುಗಳು, ಕಾಣೆಯಾದ ಫೈಲುಗಳಲ್ಲ.

ಸಿಕ್ಕ ಹೆಸರು ರನ್‌ಟೈಮಿನದಾದರೆ ಕೆಲಸ ಸುಲಭ. ಎಂಎಸ್‌ವಿಸಿಆರ್100 ಎಂದರೆ ವಿಷುಯಲ್ ಸಿ ಪ್ಲಸ್ ಪ್ಲಸ್ 2010ರ ರೀಡಿಸ್ಟ್ರಿಬ್ಯೂಟಬಲ್ ಪ್ಯಾಕೇಜ್ ಬೇಕು, 110 ಎಂದರೆ 2012ರದು, 120 ಎಂದರೆ 2013ರದು. ವಿಸಿರನ್‌ಟೈಮ್140 ಎಂದರೆ 2015ರಿಂದ ಈಚಿನ ಒಂದೇ ಪ್ಯಾಕೇಜ್. ಹೆಸರಿನ ಕೊನೆಗೆ 140_1 ಇದ್ದರೆ 2015ರ ಹಳೆಯ ಪ್ರತಿ ಸಾಲದು, 2019 ಅಥವಾ ನಂತರದ್ದನ್ನು ಹಾಕಿ. ಆ್ಯಪ್ 32 ಬಿಟ್ ಆಗಿದ್ದರೆ, ಕಂಪ್ಯೂಟರ್ 64 ಬಿಟ್ ಆದರೂ, ಎಕ್ಸ್86 (32 ಬಿಟ್) ಪ್ಯಾಕೇಜೇ ಬೇಕು. ಈ ಒಂದು ತಪ್ಪಿಗೆ ಗಂಟೆಗಟ್ಟಲೆ ಹೋಗುತ್ತದೆ. ಇನ್ನು ಹೆಸರಿನ ಕೊನೆಗೆ ಒಂದು ಡಿ ಸೇರಿದ್ದರೆ, ಉದಾಹರಣೆಗೆ ವಿಸಿರನ್‌ಟೈಮ್140ಡಿ, ಹುಡುಕುವುದನ್ನು ಅಲ್ಲಿಗೇ ನಿಲ್ಲಿಸಿ. ಅದು ಡೀಬಗ್ (ಬರೆಯುವವರು ದೋಷ ಹುಡುಕಲು ಬಳಸುವ) ಆವೃತ್ತಿ, ಬಳಕೆದಾರರಿಗೆ ಹಂಚಲು ಅನುಮತಿ ಇಲ್ಲದ್ದು. ಆ್ಯಪ್ ಬರೆದವರು ತಪ್ಪಿ ಡೀಬಗ್ ಬಿಲ್ಡ್ ಕಳಿಸಿದ್ದಾರೆ. ರಿಲೀಸ್ ಬಿಲ್ಡ್ ಕೇಳಿ ಪಡೆಯಿರಿ.

ಪೈಥಾನ್ ಬಳಸುವವರಿಗೆ ಒಂದು ಬಲೆ ಇದೆ. 3.8ನೇ ಆವೃತ್ತಿಯಿಂದ ವಿಂಡೋಸ್‌ನಲ್ಲಿ ಪೈಥಾನ್ ಡಿಎಲ್ಎಲ್ ಅವಲಂಬನೆಗಳನ್ನು ಪಾತ್‌ನಲ್ಲಿ ಹುಡುಕುವುದಿಲ್ಲ. 3.7ರಲ್ಲಿ ನೆಟ್ಟಗೆ ಓಡುತ್ತಿದ್ದ ಇಸಿಜಿ ಸ್ಕ್ರಿಪ್ಟ್ ಹೊಸ ಪೈಥಾನ್ ಹಾಕಿದ ದಿನ ನಿಂತಿದ್ದರೆ ಕಾರಣ ಇದೇ ಇರಬಹುದು. ಓಎಸ್ ಮಾಡ್ಯೂಲಿನ ಆ್ಯಡ್_ಡಿಎಲ್ಎಲ್_ಡೈರೆಕ್ಟರಿ ಫಂಕ್ಷನ್‌ಗೆ ಲೈಬ್ರರಿ ಇರುವ ಫೋಲ್ಡರಿನ ಪೂರ್ಣ ವಿಳಾಸ ಕೊಟ್ಟರೆ ಸರಿಹೋಗುತ್ತದೆ.

ಇಷ್ಟರಲ್ಲಿ ಆ್ಯಂಟಿವೈರಸ್‌ನ ಕ್ವಾರಂಟೈನ್ ಪಟ್ಟಿಯನ್ನೂ ಒಮ್ಮೆ ನೋಡಿ. ಡಿಜಿಟಲ್ ಸಹಿ ಇಲ್ಲದ ಸಾಧನದ ಡಿಎಲ್ಎಲ್‌ಗಳು ಅಲ್ಲಿ ಬಂಧಿಯಾಗಿರುವುದುಂಟು. ಬಿಡಿ ಡಿಎಲ್ಎಲ್ ಹಂಚುವ ತಾಣಗಳಿಂದ ಮಾತ್ರ ಯಾವ ಫೈಲನ್ನೂ ತರಬೇಡಿ. ಅದರಲ್ಲಿ ಕೇಡು ಇರಬಹುದು ಎಂಬುದು ಒಂದು ಕಾರಣ. ಹೆಸರು ಒಂದೇ ಆದರೂ ಆವೃತ್ತಿ ಬೇರೆಯಾಗಿ, ಆ್ಯಪ್ ತೆರೆದು ತಪ್ಪು ಅಂಕಿ ಕೊಡಲು ಶುರುಮಾಡುತ್ತದೆ ಎಂಬುದು ಅದಕ್ಕಿಂತ ದೊಡ್ಡ ಕಾರಣ.

ಲಿನಕ್ಸ್, ಆಂಡ್ರಾಯ್ಡ್

ಲಿನಕ್ಸ್‌ನಲ್ಲಿ ಎಲ್‌ಡಿಡಿ ಆದೇಶಕ್ಕೆ ಆ್ಯಪ್ ಫೈಲನ್ನು ಕೊಟ್ಟರೆ ಸಿಗದ ಲೈಬ್ರರಿಯ ಮುಂದೆ "ನಾಟ್ ಫೌಂಡ್" ಎಂದು ನೇರವಾಗಿ ಬರೆಯುತ್ತದೆ. ಹೊಸದಾಗಿ ಕಟ್ಟಿ ಸ್ಥಾಪಿಸಿದ ಲೈಬ್ರರಿ ಸಿಗುತ್ತಿಲ್ಲವಾದರೆ ಎಲ್‌ಡಿಕಾನ್ಫಿಗ್ (ಲೈಬ್ರರಿಗಳ ಪಟ್ಟಿ ನವೀಕರಿಸುವ ಆದೇಶ) ಓಡಿಸಲು ಮರೆತಿರಬಹುದು. "ಜಿಲಿಬ್‌ಸಿ" (ಲಿನಕ್ಸ್‌ನ ಮೂಲ ಸಿ ಲೈಬ್ರರಿ) ಆವೃತ್ತಿಯ ದೂರು ಬಂದರೆ ಲೈಬ್ರರಿಯನ್ನು ನಿಮಗಿಂತ ಹೊಸ ಲಿನಕ್ಸ್‌ನಲ್ಲಿ ಕಟ್ಟಿದ್ದಾರೆ. ನಿಮ್ಮಲ್ಲೇ ಮರುಕಟ್ಟುವುದು ಸರಿ, ಜಿಲಿಬ್‌ಸಿ ಬದಲಿಸಲು ಹೋದರೆ ಇಡೀ ವ್ಯವಸ್ಥೆ ಕುಸಿಯುತ್ತದೆ. ಸಾಧನ ತೆರೆಯಲು ಅನುಮತಿ ಇಲ್ಲ ಎಂದರೆ ಡೆಬಿಯನ್, ಉಬುಂಟುಗಳಲ್ಲಿ ಬಳಕೆದಾರರನ್ನು ಡಯಲ್‌ಔಟ್ ಗುಂಪಿಗೆ ಸೇರಿಸಿ, ಲಾಗ್‌ಔಟ್ ಆಗಿ ಮತ್ತೆ ಬನ್ನಿ.

ಆಂಡ್ರಾಯ್ಡ್‌ನಲ್ಲಿ "ಅನ್‌ಸ್ಯಾಟಿಸ್ಫೈಡ್‌ಲಿಂಕ್‌ಎರರ್" ಕಂಡರೆ ಎಪಿಕೆ (ಆ್ಯಪಿನ ಸ್ಥಾಪನಾ ಫೈಲ್) ಒಳಗಿನ ಲಿಬ್ ಫೋಲ್ಡರ್ ನೋಡಿ. ಫೋನ್ ಆರ್ಮ್64 ಆಗಿದ್ದು ಅಲ್ಲಿ ಆರ್ಮ್64-ವಿ8ಎ ಫೋಲ್ಡರಿನಲ್ಲಿ ಕೆಲವೇ ಲೈಬ್ರರಿಗಳಿದ್ದು, ಉಳಿದವು 32 ಬಿಟ್ ಫೋಲ್ಡರಿನಲ್ಲಿ ಮಾತ್ರ ಇದ್ದರೆ ಅದೇ ಕಾರಣ. ಆ್ಯಪ್ ತೆರೆದು, ಸೆನ್ಸರ್ ಮಾತ್ರ ಸಿಗದಿದ್ದರೆ ಲೈಬ್ರರಿಯನ್ನು ದೂರಬೇಡಿ: ಆಂಡ್ರಾಯ್ಡ್ 12ರಿಂದ ಬ್ಲೂಟೂತ್ ಹುಡುಕಲು, ಸೇರಲು ಬೇರೆ ಬೇರೆ ಅನುಮತಿ ಬೇಕು.

ಹತ್ತು ನಿಮಿಷ ಓಡಿ ಬೀಳುವ ಆ್ಯಪ್

ಅಲೆ ಚೆನ್ನಾಗಿ ಹರಿಯುತ್ತಿರುತ್ತದೆ, ಇದ್ದಕ್ಕಿದ್ದಂತೆ ಆ್ಯಪ್ ಮಾಯ. ಮತ್ತೆ ತೆರೆದರೆ ಈ ಸಲ ಎರಡೇ ನಿಮಿಷ. ಹೀಗೆ ಹೊತ್ತುಗೊತ್ತಿಲ್ಲದೆ ಬೀಳುವುದಾದರೆ ಮೊದಲ ಅನುಮಾನ ಕಾಲ್‌ಬ್ಯಾಕ್ ಮೇಲೆ. ಸಾಧನದ ಲೈಬ್ರರಿಗೆ "ಹೊಸ ಮಾದರಿ ಬಂದಾಗ ಈ ಫಂಕ್ಷನ್ ಕರೆ" ಎಂದು ಒಂದು ವಿಳಾಸ ಕೊಟ್ಟಿರುತ್ತೀರಿ. ಪೈಥಾನ್ ಅಥವಾ ಸಿ ಶಾರ್ಪ್‌ನಲ್ಲಿ ಆ ಕಾಲ್‌ಬ್ಯಾಕ್ ವಸ್ತುವನ್ನು ಯಾವ ವೇರಿಯಬಲ್ಲೂ ಹಿಡಿದಿರದಿದ್ದರೆ ಗಾರ್ಬೇಜ್ ಕಲೆಕ್ಟರ್ (ಬಳಕೆಯಲ್ಲಿಲ್ಲದ ಮೆಮೊರಿ ತೆರವು ಮಾಡುವ ವ್ಯವಸ್ಥೆ) ಅದನ್ನು ಗುಡಿಸಿ ಹಾಕುತ್ತದೆ. ಲೈಬ್ರರಿಗೆ ಅದು ತಿಳಿಯದು, ಖಾಲಿ ಜಾಗವನ್ನು ಕರೆಯುತ್ತದೆ. ಕಲೆಕ್ಟರ್ ಯಾವಾಗ ಬರುತ್ತದೆ ಎಂದು ಹೇಳಲಾಗದ್ದರಿಂದಲೇ ಬೀಳುವ ಹೊತ್ತೂ ಬದಲಾಗುತ್ತದೆ. ಕಾಲ್‌ಬ್ಯಾಕನ್ನು ಕ್ಲಾಸಿನ ಸದಸ್ಯವಾಗಿ ಅಥವಾ ಗ್ಲೋಬಲ್ ಆಗಿ ಇಟ್ಟರೆ ರೋಗ ಅಲ್ಲಿಗೇ ನಿಲ್ಲುತ್ತದೆ.

ಬೀಳದೆ ಅಲೆ ಮಾತ್ರ ತುಂಡುತುಂಡಾಗಿದ್ದರೆ, ಆ ಕಾಲ್‌ಬ್ಯಾಕ್ ಒಳಗೇ ಗ್ರಾಫ್ ಬಿಡಿಸುತ್ತಿದ್ದೀರಾ ನೋಡಿ. ಅಲ್ಲಿ ಮಾದರಿಯನ್ನು ಕ್ಯೂಗೆ ಹಾಕಿ ತಕ್ಷಣ ಹಿಂದಿರುಗಬೇಕು, ಚಿತ್ರ ಬಿಡಿಸುವುದು ಬೇರೆ ಥ್ರೆಡ್‌ನ ಕೆಲಸ. ಎಫ್‌ಟಿಡಿಐ ಚಿಪ್ ಇರುವ ಯುಎಸ್‌ಬಿ ಸಾಧನವಾದರೆ ಲೇಟೆನ್ಸಿ ಟೈಮರ್ (ಡೇಟಾ ಕಳಿಸುವ ಮುನ್ನ ಕಾಯುವ ಹೊತ್ತು) ಮೂಲತಃ 16 ಮಿಲಿಸೆಕೆಂಡಿಗೆ ಇರುತ್ತದೆ. ಮಾದರಿಗಳು ಗುಂಪುಗುಂಪಾಗಿ ಬರುವುದು ಅದರಿಂದ. ಮಾದರಿ ಕಳೆದಿಲ್ಲ, ತಡವಾಗಿದೆ ಅಷ್ಟೇ. ಕಳೆದಿದೆಯೇ ಎಂದು ತಿಳಿಯಲು ಪ್ಯಾಕೆಟ್‌ನ ಕ್ರಮಸಂಖ್ಯೆ ನೋಡಬೇಕು, ಕಣ್ಣಿನ ಅಂದಾಜು ಸಾಲದು.

ಸದ್ದಿಲ್ಲದ ದೋಷಗಳು

ಮೊದಲು ಮಾದರಿ ದರ, ಅಂದರೆ ಸೆಕೆಂಡಿಗೆ ಎಷ್ಟು ಮಾದರಿ ಎಂಬುದು. 360 ಹರ್ಟ್ಸ್‌ನಲ್ಲಿ ದಾಖಲಾದ ಇಸಿಜಿಯನ್ನು ಲೈಬ್ರರಿ 250 ಎಂದು ಭಾವಿಸಿದರೆ 75ರ ಬಡಿತ 52 ಆಗುತ್ತದೆ. 500 ಎಂದುಕೊಂಡರೆ 104. ಎರಡೂ ಮನುಷ್ಯರಲ್ಲಿ ಕಾಣುವ ಅಂಕಿಗಳೇ ಆದ್ದರಿಂದ ನೋಡಿದವರಿಗೆ ಅನುಮಾನವೇ ಬರುವುದಿಲ್ಲ. ಫಿಲ್ಟರ್ ಕೂಡ ಇದೇ ಸುಳಿಯಲ್ಲಿ ಸಿಗುತ್ತದೆ. 500 ಹರ್ಟ್ಸ್‌ಗೆ ಲೆಕ್ಕ ಹಾಕಿದ 50 ಹರ್ಟ್ಸ್ ನಾಚ್ ಫಿಲ್ಟರನ್ನು (ಒಂದೇ ಆವರ್ತನ ಕತ್ತರಿಸುವ ಫಿಲ್ಟರ್) 250 ಹರ್ಟ್ಸ್ ಮಾದರಿಗಳ ಮೇಲೆ ಓಡಿಸಿದರೆ ಅದು ಕತ್ತರಿಸುವುದು 25 ಹರ್ಟ್ಸನ್ನು. ವಿದ್ಯುತ್ ಗುಂಯ್ ಹಾಗೇ ಉಳಿಯುತ್ತದೆ, ಕ್ಯೂಆರ್‌ಎಸ್ (ಆರ್ ಅಲೆಯಿರುವ ಚೂಪು ಭಾಗ) ಮೊನಚು ಮಾತ್ರ ಮೊಂಡಾಗುತ್ತದೆ. ಲೈಬ್ರರಿ ನವೀಕರಿಸಿದ ಮೇಲೆ ಎಸ್‌ಟಿ ಭಾಗ (ಕ್ಯೂಆರ್‌ಎಸ್ ನಂತರದ ರೇಖೆ) ತಿರುಚಿದಂತೆ ಕಂಡರೆ, ನಿಧಾನದ ಏರಿಳಿತ ತೆಗೆಯುವ ಹೈಪಾಸ್ ಫಿಲ್ಟರಿನ ಮೂಲ ಬೆಲೆ 0.05ರಿಂದ 0.5 ಹರ್ಟ್ಸ್‌ಗೆ ಬದಲಾಗಿದೆಯೇ ನೋಡಿ.

ಎದೆಪಟ್ಟಿಯ ಬ್ಲೂಟೂತ್ ಪ್ಯಾಕೆಟ್ ಇನ್ನೊಂದು ಜಾಗ. ಹಾರ್ಟ್ ರೇಟ್ ಸೇವೆಯ ಸಂಖ್ಯೆ 180ಡಿ, ಅಳತೆ ಬರುವುದು 2ಎ37ರಲ್ಲಿ. ಒಂದು ಪ್ಯಾಕೆಟ್ ಬಿಡಿಸಿ ನೋಡೋಣ: 16, 75, 52, 3. ಮೊದಲ ಬೈಟ್ ಫ್ಲ್ಯಾಗ್, ಅಂದರೆ ಮುಂದೆ ಏನೇನಿದೆ ಎಂಬ ಸೂಚನೆ. 16 ಎಂದರೆ ಬಡಿತ ಒಂದೇ ಬೈಟಿನಲ್ಲಿದೆ, ಆರ್‌ಆರ್ ಅಂತರವೂ (ಎರಡು ಆರ್ ಅಲೆಗಳ ನಡುವಿನ ಹೊತ್ತು) ಜೊತೆಗಿದೆ. ಬಡಿತ 75. ಆರ್‌ಆರ್ ಅಂದರೆ 52 ಕೂಡಿಸು 3 ಗುಣಿಸು 256, ಒಟ್ಟು 820. ಇದರ ಏಕಮಾನ ಮಿಲಿಸೆಕೆಂಡ್ ಅಲ್ಲ, ಸೆಕೆಂಡಿನ 1024ನೇ ಒಂದು ಭಾಗ. 820ನ್ನು 1024ರಿಂದ ಭಾಗಿಸಿದರೆ 0.801 ಸೆಕೆಂಡ್, ಅಂದರೆ ನಿಮಿಷಕ್ಕೆ 74.9. ಮಿಲಿಸೆಕೆಂಡ್ ಎಂದುಕೊಂಡರೆ ಎಲ್ಲ ಅಂತರವೂ ಶೇಕಡಾ 2.4ರಷ್ಟು ಹಿಗ್ಗುತ್ತದೆ, ಬಡಿತದ ಏರಿಳಿತದ ಲೆಕ್ಕವೆಲ್ಲ ಅದರೊಂದಿಗೆ ಜಾರುತ್ತದೆ. ಫ್ಲ್ಯಾಗ್ 17 ಬಂದರೆ ಬಡಿತಕ್ಕೆ ಎರಡು ಬೈಟ್: 17, 75, 0, 52, 3. ಫ್ಲ್ಯಾಗ್ ನೋಡದ ಲೈಬ್ರರಿ ಇಲ್ಲಿ ಬಡಿತವನ್ನು 75 ಎಂದು ಸರಿಯಾಗೇ ತೋರಿಸಿ, ಆರ್‌ಆರ್ ಅಂತರವನ್ನು 13 ಸೆಕೆಂಡ್ ಎನ್ನುತ್ತದೆ.

ಸ್ಟ್ರಕ್ಟ್ (ಒಟ್ಟಿಗೆ ಕಟ್ಟಿದ ಹಲವು ಅಂಕಿಗಳ ಗುಚ್ಛ) ಜೋಡಣೆಯ ದೋಷವೂ ಹೀಗೇ. ಲೀಡ್ (ಮೈಗೆ ಅಂಟಿಸಿದ ತಂತಿ) ಕಳಚಿದ್ದನ್ನು ಹೇಳುವ ಒಂದು ಬೈಟ್, ಸಮಯಕ್ಕೆ ಎಂಟು, ಮಾದರಿಗೆ ನಾಲ್ಕು. ಒತ್ತಿ ಜೋಡಿಸಿದರೆ 13 ಬೈಟ್, ವಿಂಡೋಸ್‌ನ ಸಹಜ ಜೋಡಣೆಯಲ್ಲಿ ಖಾಲಿ ಬೈಟ್‌ಗಳೂ ಸೇರಿ 24. ಲೈಬ್ರರಿ ಒಂದು ಬಗೆ, ಆ್ಯಪ್ ಇನ್ನೊಂದು ಬಗೆ ನಂಬಿದರೆ ಮೊದಲ ಬೈಟ್ ಮಾತ್ರ ಸರಿ, ಉಳಿದದ್ದೆಲ್ಲ ಕಸ. ಎರಡೂ ಕಡೆ ಸ್ಟ್ರಕ್ಟ್‌ನ ಗಾತ್ರವನ್ನು ಪ್ರಿಂಟ್ ಮಾಡಿ ಹೋಲಿಸಿದರೆ ಒಂದು ನಿಮಿಷದಲ್ಲಿ ತಿಳಿಯುತ್ತದೆ. ದಶಮಾಂಶಕ್ಕೆ ಅಲ್ಪವಿರಾಮ ಬಳಸುವ ಭಾಷಾ ಸೆಟ್ಟಿಂಗಿನ ಕಂಪ್ಯೂಟರಿನಲ್ಲಿ 0.005 ಎಂಬ ಗುಣಕ ಸೊನ್ನೆಯಾಗಿ ಓದಿಕೊಂಡು ಅಲೆ ಚಪ್ಪಟೆಯಾಗುವುದೂ ಉಂಟು.

ಗೊತ್ತಿರುವ ದಾಖಲೆಯಿಂದ ಪರೀಕ್ಷೆ

ಇವೆಲ್ಲವನ್ನೂ ಒಂದೊಂದಾಗಿ ಊಹಿಸುವ ಬದಲು, ಉತ್ತರ ಮೊದಲೇ ಗೊತ್ತಿರುವ ದಾಖಲೆಯನ್ನು ಆ್ಯಪಿಗೆ ಓದಿಸಿ. ಎಂಐಟಿ-ಬಿಐಎಚ್ ಅರಿದ್ಮಿಯಾ (ಲಯ ತಪ್ಪಿದ ಬಡಿತ) ಸಂಗ್ರಹದಲ್ಲಿ ಅರ್ಧ ಗಂಟೆಯ 48 ದಾಖಲೆಗಳಿವೆ, ಫಿಸಿಯೋನೆಟ್ ತಾಣದಲ್ಲಿ ಮುಕ್ತವಾಗಿ ಸಿಗುತ್ತವೆ. ದಾಖಲೆ 100 ಸಾಕು. ಎರಡು ಲೀಡ್ (ಇಲ್ಲಿ, ಎರಡು ಅಲೆಗಳು), 360 ಹರ್ಟ್ಸ್, ಪ್ರತಿ ಲೀಡಿಗೆ 6,50,000 ಮಾದರಿ. ಮಾದರಿಗಳಿರುವ ಡಿಎಟಿ ಫೈಲಿನ ಗಾತ್ರ ಸರಿಯಾಗಿ 19,50,000 ಬೈಟ್ ಇರಬೇಕು. ಒಂದು ಬೈಟ್ ಹೆಚ್ಚು ಕಡಿಮೆ ಆದರೂ ಇಳಿಸುವಾಗ ಯಾವುದೋ ಪ್ರೋಗ್ರಾಂ ಅದನ್ನು ಪಠ್ಯವೆಂದು ತಿಳಿದು ಸಾಲಿನ ಗುರುತುಗಳನ್ನು ಬದಲಿಸಿರಬಹುದು.

ಈ ಫೈಲಿನ ಮೊದಲ ಮೂರು ಬೈಟ್ 227, 51, 243. ಇದು 212 ಎಂಬ ವಿನ್ಯಾಸ: 12 ಬಿಟ್‌ನ ಎರಡು ಮಾದರಿಗಳನ್ನು ಮೂರು ಬೈಟಿನಲ್ಲಿ ತುಂಬಿದೆ. ನಡುವಿನ 51ನ್ನು ಅರ್ಧಕ್ಕೆ ಸೀಳಿದರೆ 3 ಮತ್ತು 3. ಮೊದಲ ಲೀಡ್ 3 ಗುಣಿಸು 256 ಕೂಡಿಸು 227, ಅಂದರೆ 995. ಎರಡನೆಯದು 768 ಕೂಡಿಸು 243, ಅಂದರೆ 1011. ಶೂನ್ಯರೇಖೆ 1024, ಒಂದು ಮಿಲಿವೋಲ್ಟಿಗೆ 200 ಅಂಕ. ಹಾಗಾಗಿ ಮೊದಲ ಮಾದರಿಗಳು ಮೈನಸ್ 0.145 ಮತ್ತು ಮೈನಸ್ 0.065 ಮಿಲಿವೋಲ್ಟ್. ನಿಮ್ಮ ಆ್ಯಪ್ 61.3 ಮಿಲಿವೋಲ್ಟ್ ಎಂದರೆ ಲೈಬ್ರರಿ ಇದನ್ನು ಸಾದಾ 16 ಬಿಟ್ ಫೈಲೆಂದು ಓದುತ್ತಿದೆ. ಮೈನಸ್ 29 ಎಂದರೆ ಶೂನ್ಯರೇಖೆ ಕಳೆದು, 200ರಿಂದ ಭಾಗಿಸಲು ಮರೆತಿದೆ. 4.975 ಎಂದರೆ ಭಾಗಿಸಿದೆ, ಶೂನ್ಯರೇಖೆ ಕಳೆದಿಲ್ಲ.

ಮುಂದೆ ಬಡಿತದ ಎಣಿಕೆ. ತಜ್ಞರು ಗುರುತಿಸಿದಂತೆ ಈ ದಾಖಲೆಯಲ್ಲಿ 2,273 ಬಡಿತಗಳಿವೆ: 2,239 ಸಹಜ, 33 ಏಟ್ರಿಯಲ್ ಅಕಾಲಿಕ (ಹೃದಯದ ಮೇಲಿನ ಕೋಣೆಯಿಂದ ಬೇಗ ಬಂದವು), 1 ವೆಂಟ್ರಿಕ್ಯುಲರ್ ಅಕಾಲಿಕ (ಕೆಳಗಿನ ಕೋಣೆಯಿಂದ ಬೇಗ ಬಂದದ್ದು). ಒಟ್ಟು ಅವಧಿ 30 ನಿಮಿಷ 5.6 ಸೆಕೆಂಡ್, ಸರಾಸರಿ ನಿಮಿಷಕ್ಕೆ 75.5. ಗುರುತಿನ ಫೈಲಿನಲ್ಲಿ 2,274 ಸಾಲು ಬಂದರೆ ತಪ್ಪಲ್ಲ. ಹೆಚ್ಚಿನ ಒಂದು ಲಯವನ್ನು ಹೇಳುವ ಗುರುತು. ಇದು ಶುದ್ಧವಾದ ದಾಖಲೆ. ಇದರಲ್ಲೇ ನಿಮ್ಮ ಎಣಿಕೆ ಹತ್ತಾರು ಬಡಿತ ತಪ್ಪಿದರೆ ಗದ್ದಲದ ದಾಖಲೆಗಳಿಗೆ ಹೋಗುವ ಮಾತೇ ಇಲ್ಲ. ಎಣಿಕೆ ಸರಿಯಿದ್ದು ಸರಾಸರಿ ತಪ್ಪಿದ್ದರೆ ಮಾದರಿ ದರದ ಕಡೆ ತಿರುಗಿ. ಎಣಿಕೆಯೇ ದುಪ್ಪಟ್ಟಾಗಿದ್ದರೆ ಟಿ ಅಲೆಯನ್ನೂ (ಕ್ಯೂಆರ್‌ಎಸ್ ನಂತರ ಬರುವ ದುಂಡು ಅಲೆ) ಎಣಿಸುತ್ತಿದೆ, ಅಥವಾ ಎರಡು ಲೀಡನ್ನು ಒಂದರ ಹಿಂದೊಂದು ಒಂದೇ ಸಾಲಾಗಿ ಓದುತ್ತಿದೆ.

ನೇರ ಸಾಧನದ ಪರೀಕ್ಷೆಗೆ ಇಸಿಜಿ ಸಿಮ್ಯುಲೇಟರ್ ಇದ್ದರೆ ನಿಮಿಷಕ್ಕೆ 60 ಬಡಿತ, 1 ಮಿಲಿವೋಲ್ಟ್‌ಗೆ ಹೊಂದಿಸಿ. ಸೆಕೆಂಡಿಗೆ 25 ಮಿಲಿಮೀಟರ್, ಮಿಲಿವೋಲ್ಟಿಗೆ 10 ಮಿಲಿಮೀಟರ್ ಅಳತೆಯಲ್ಲಿ ಆರ್ ಅಲೆಗಳ ನಡುವೆ 25 ಮಿಲಿಮೀಟರ್, ಎತ್ತರ 10 ಮಿಲಿಮೀಟರ್ ಬರಬೇಕು.

ಅಂಕಿಗಳು ಹೊಂದಿದ ದಿನವೇ ಆ್ಯಪಿನ ಫೋಲ್ಡರಿನಲ್ಲಿರುವ ಪ್ರತಿ ಲೈಬ್ರರಿಯ ಆವೃತ್ತಿ ಮತ್ತು ಹ್ಯಾಷ್ (ಫೈಲಿನ ಬೆರಳಚ್ಚಿನಂಥ ಸಂಖ್ಯೆ) ಬರೆದಿಡಿ. ಪವರ್‌ಶೆಲ್‌ನ ಗೆಟ್-ಫೈಲ್‌ಹ್ಯಾಷ್ ಆದೇಶ ಸಾಕು. ಮುಂದೆ ನವೀಕರಣದ ನಂತರ ಅಂಕಿ ಜಾರಿದರೆ ಎರಡು ಪಟ್ಟಿಗಳನ್ನು ಪಕ್ಕಪಕ್ಕ ಇಟ್ಟು ನೋಡಿ. ಹ್ಯಾಷ್ ಬದಲಾದ ಫೈಲುಗಳನ್ನು ಒಂದೊಂದಾಗಿ ಹಿಂದಿನ ಪ್ರತಿಗೆ ಮರಳಿಸಿ, ಪ್ರತಿ ಸಲವೂ ದಾಖಲೆ 100 ಓಡಿಸಿ. ಯಾವ ಫೈಲ್ ಮರಳಿದಾಗ 2,273 ಮತ್ತೆ ಬರುತ್ತದೋ ಅದರ ಹೆಸರು, ಹಳೆಯ ಮತ್ತು ಹೊಸ ಆವೃತ್ತಿ, ಬಂದ ತಪ್ಪು ಅಂಕಿ ಇಷ್ಟನ್ನೂ ಸೇರಿಸಿ ಲೈಬ್ರರಿ ಬರೆದವರಿಗೆ ಕಳಿಸಿ.